ಸ್ಟುಡಿಯೋ ಮಾರಾಟದ ಸುದ್ದಿ ಬಂದಾಗ ಏನೇನು ನೋಡಬೇಕು

ದೊಡ್ಡ ಸ್ಟುಡಿಯೋ ಒಂದು ಕೈ ಬದಲಾಯಿಸಿತು ಅಂತ ಸುದ್ದಿ ಬಂದ ಕೂಡಲೇ ಎಲ್ಲರೂ ಬೆಲೆ ನೋಡುತ್ತಾರೆ. ನೀವು ಮೊದಲು ಸಿನಿಮಾಗಳ ಹಕ್ಕು ಯಾರ ಕೈಗೆ ಹೋಯಿತು ಅಂತ ನೋಡಿ. ಬೆಲೆ ಬಾಳುವುದು ಹೆಚ್ಚಾಗಿ ಶೂಟಿಂಗ್ ಫ್ಲೋರ್ ಅಲ್ಲ, ಹಳೇ ಸಿನಿಮಾ ಮತ್ತು ಸೀರಿಯಲ್‌ಗಳ ಸಂಗ್ರಹ.

ಹಾಲಿವುಡ್‌ನ ಹಳೇ ಸ್ಟುಡಿಯೋ ಎಂಜಿಎಂ ತಗೊಳ್ಳಿ. 2022ರಲ್ಲಿ ಅಮೆಜಾನ್ ಸುಮಾರು 850 ಕೋಟಿ ಡಾಲರ್ ಕೊಟ್ಟು ಅದನ್ನು ಕೊಂಡಾಗ 4,000ಕ್ಕೂ ಹೆಚ್ಚು ಸಿನಿಮಾ ಜೊತೆಗೆ ಬಂದವು. ಆದರೆ 1986ಕ್ಕಿಂತ ಹಿಂದಿನ ಎಂಜಿಎಂ ಚಿತ್ರಗಳಲ್ಲಿ ಬಹುಪಾಲು ಅದರಲ್ಲಿ ಇರಲಿಲ್ಲ, ಯಾಕೆಂದರೆ ಅವನ್ನು ಟಿವಿ ಉದ್ಯಮಿ ಟೆಡ್ ಟರ್ನರ್ ಅಂದೇ ಕೊಂಡಿದ್ದರು, ಮುಂದೆ ಟರ್ನರ್ ಕಂಪನಿಯೇ ವಾರ್ನರ್ ಬ್ರದರ್ಸ್ ಸ್ಟುಡಿಯೋದ ಒಡೆಯ ಟೈಮ್ ವಾರ್ನರ್ ಜೊತೆ ಸೇರಿದ್ದರಿಂದ ಅವು ವಾರ್ನರ್ ಪಾಲಾದವು. ಬರೀ ಹೆಸರು ನಂಬಿದರೆ ಇದು ಗೊತ್ತಾಗುವುದೇ ಇಲ್ಲ, ಅಲ್ವಾ?

ಆಮೇಲೆ ಸಾಲ ನೋಡಿ. ನನ್ನ ಪ್ರಕಾರ ಇದೇ ಮುಖ್ಯ. 2022ರಲ್ಲಿ ವಾರ್ನರ್ ಬ್ರದರ್ಸ್ ಒಡೆತನದ ಕಂಪನಿ ವಾರ್ನರ್‌ಮೀಡಿಯಾ ಮತ್ತು ಟಿವಿ ಕಂಪನಿ ಡಿಸ್ಕವರಿ ಒಂದಾದಾಗ ತಲೆ ಮೇಲೆ 5,000 ಕೋಟಿ ಡಾಲರ್‌ಗೂ ಜಾಸ್ತಿ ಸಾಲ ಇತ್ತು. ಅದೇ ವರ್ಷ ಶೂಟಿಂಗ್ ಮುಗಿದಿದ್ದ ಸೂಪರ್‌ಹೀರೋ ಸಿನಿಮಾ ಒಂದನ್ನು ಬಿಡುಗಡೆ ಮಾಡದೆ ಪಕ್ಕಕ್ಕಿಟ್ಟರು. ನೂರಾರು ಜನರ ದುಡಿಮೆ ಹಾಗೆ ಕಪಾಟು ಸೇರುವುದು ನಿಜಕ್ಕೂ ಬೇಸರದ ಸಂಗತಿ.

ಸ್ಟ್ರೀಮಿಂಗ್ ವಿಷಯದಲ್ಲಿ ಚಂದಾದಾರರ ಲೆಕ್ಕಕ್ಕೆ ಸುಮ್ನೆ ಜೋತು ಬೀಳಬೇಡಿ. ನೆಟ್‌ಫ್ಲಿಕ್ಸ್ 2025ರಿಂದ ಆ ಸಂಖ್ಯೆಯನ್ನು ಮೂರು ತಿಂಗಳಿಗೊಮ್ಮೆ ಕೊಡುವುದನ್ನೇ ನಿಲ್ಲಿಸಿದೆ. ಲಾಭ ಎಷ್ಟು, ಜಾಹೀರಾತಿನಿಂದ ಎಷ್ಟು ಬಂತು ಅಂತ ಕೇಳಿ. ಕೇಬಲ್ ಚಾನೆಲ್‌ಗಳನ್ನು ಬೇರೆ ಕಂಪನಿಯಾಗಿ ಒಡೆಯುತ್ತಿದ್ದರೆ, ಸಾಲದಲ್ಲಿ ಎಷ್ಟು ಪಾಲು ಅದರ ಜೊತೆ ಹೋಗುತ್ತಿದೆ ಅಂತಲೂ ನೋಡಿ.