ಎಫ್‌ಐಆರ್ ರದ್ದು ಕೋರಿ ಹೈಕೋರ್ಟಿಗೆ ಹೋಗುವ ಮುಂಚೆ

ನಾನು ಮುಂಬೈಯ ಫೋರ್ಟ್‌ನಲ್ಲಿ ವಕೀಲ. ಹೋಟೆಲ್ ನಡೆಸುವ ನಮ್ಮವರು ಜಾಸ್ತಿ ಕೇಳುವುದು ಇದು: "ಪಾರ್ಟ್ನರ್ ಮೋಸದ ಕೇಸ್ ಹಾಕಿದ್ದಾನೆ. ತನಿಖೆ ನಿಲ್ಲಿಸಬಹುದಾ ಸಾರ್?"

ಹೈಕೋರ್ಟ್ ಎಫ್‌ಐಆರ್ ರದ್ದು ಮಾಡಿದರೆ ಆಗುತ್ತದೆ, ಆದರೆ ಅಪರೂಪಕ್ಕೆ. ಮೊದಲು ಎಫ್‌ಐಆರ್ ಪ್ರತಿ ತೆಗೆದುಕೊಳ್ಳಿ. ಸಾಮಾನ್ಯವಾಗಿ ಮರಾಠಿಯಲ್ಲಿರುತ್ತದೆ, ಇಂಗ್ಲಿಷ್ ಅನುವಾದ ಮಾಡಿಸಿ. ಅದರಲ್ಲಿ ಬರೆದಿದ್ದೆಲ್ಲ ನಿಜ ಅಂತಲೇ ಇಟ್ಟುಕೊಳ್ಳಿ. ಆಗಲೂ ಅಪರಾಧ ಕಾಣದಿದ್ದರೆ ನಿಮಗೆ ದಾರಿ ಇದೆ. "ಅವನು ಸುಳ್ಳು ಹೇಳುತ್ತಿದ್ದಾನೆ" ಎಂದರೆ ಸಾಲದು. ಸುಳ್ಳೋ ನಿಜವೋ ನೋಡುವುದೇ ತನಿಖೆ, ಅಲ್ವಾ? ಭಜನ್ ಲಾಲ್ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ರದ್ದತಿಗೆ 7 ಬಗೆಯ ಸಂದರ್ಭ ಕೊಟ್ಟಿದೆ. ನಿಮ್ಮದು ಯಾವುದಕ್ಕೆ ಹೊಂದುತ್ತದೆ ಎಂದು ವಕೀಲರನ್ನು ಕೇಳಿ. ಬರೀ ಲೆಕ್ಕದ ಜಗಳವಾಗಿದ್ದರೆ ಪಾಲುದಾರಿಕೆ ಪತ್ರ, ಬ್ಯಾಂಕ್ ಸ್ಟೇಟ್‌ಮೆಂಟ್ ಜೋಡಿಸಿ.

ಅರ್ಜಿ ಬಿಎನ್‌ಎಸ್‌ಎಸ್ (ಕ್ರಿಮಿನಲ್ ಕೇಸುಗಳ ವಿಧಾನ ಹೇಳುವ ಹೊಸ ಕಾನೂನು) 528ನೇ ಕಲಮಿನಡಿ, ಹೈಕೋರ್ಟಿಗೆ. ಹಳೆಯ ಸಿಆರ್‌ಪಿಸಿಯಲ್ಲಿ ಇದು 482 ಆಗಿತ್ತು. ಹೊಸ ಕಾನೂನಿನ 482 ನಿರೀಕ್ಷಣಾ ಜಾಮೀನಿನದು (ಬಂಧನಕ್ಕೆ ಮುಂಚೆಯೇ ಕೇಳುವ ಜಾಮೀನು), ಗೊಂದಲ ಬೇಡ. ಸರ್ಕಾರದ ಜೊತೆ ದೂರುದಾರರನ್ನೂ ಪ್ರತಿವಾದಿ ಮಾಡಿ.

ಅರ್ಜಿ ಹಾಕಿದ ಮಾತ್ರಕ್ಕೆ ತನಿಖೆ ನಿಲ್ಲುವುದಿಲ್ಲ. ಹೈಕೋರ್ಟ್ ಕಾರಣ ಕೊಡದೆ ಬಂಧನಕ್ಕೆ ತಡೆ ಕೊಡಬಾರದು ಎಂದು ಸುಪ್ರೀಂ ಕೋರ್ಟಿನ 2021ರ ನೀಹಾರಿಕಾ ತೀರ್ಪು ಹೇಳುತ್ತದೆ. ಬಂಧನದ ಭಯ ಇದ್ದರೆ ನಿರೀಕ್ಷಣಾ ಜಾಮೀನು ಬೇರೆಯಾಗಿ ಕೇಳಿ. ಪೊಲೀಸರ ನೋಟಿಸ್ ಬಂದರೆ ದಯವಿಟ್ಟು ಹೋಗಿ, ಸುಮ್ನೆ ಕೂರಬೇಡಿ.

ಇಬ್ಬರೂ ರಾಜಿಯಾದರೆ ದೂರುದಾರರ ಒಪ್ಪಿಗೆಯ ಅಫಿಡವಿಟ್ ಹಾಕಿಸಿ. ವ್ಯವಹಾರದ ಜಗಳಗಳಲ್ಲಿ ಕೋರ್ಟ್ ಇದನ್ನು ಸಾಮಾನ್ಯವಾಗಿ ಒಪ್ಪುತ್ತದೆ. ಕೊಲೆ, ಅತ್ಯಾಚಾರದಂಥ ಕೇಸುಗಳಲ್ಲಿ ಸಾಮಾನ್ಯವಾಗಿ ಈ ದಾರಿ ಇಲ್ಲ.