ಮರದ ನೆರಳಿನಲ್ಲಿ ಜಪಾನಿನ ಬಣ್ಣದ ಜರೀಗಿಡ: ನನ್ನ ಅನುಭವ

ನ್ಯೂಜೆರ್ಸಿಯ ನಡುಭಾಗದಲ್ಲಿರುವ ನಮ್ಮ ಹಿತ್ತಿಲಿನಲ್ಲಿ ಓಕ್ ಮರಗಳ ಕೆಳಗೆ ಹುಲ್ಲು ಸರಿಯಾಗಿ ಏಳುವುದಿಲ್ಲ. ಆ ಜಾಗಕ್ಕೆ ನಾನು ಆರಿಸಿಕೊಂಡದ್ದು ಜಪಾನೀಸ್ ಪೇಂಟೆಡ್ ಫರ್ನ್. ಬೆಳ್ಳಿಬೂದಿ ಬಣ್ಣದ ಗರಿ, ನಟ್ಟನಡುವೆ ಕೆಂಪುನೇರಳೆ ದಂಟು, ಒಂದರಿಂದ ಒಂದೂವರೆ ಅಡಿ ಎತ್ತರ. ಸಸ್ಯಶಾಸ್ತ್ರದ ಹೆಸರು ಅಥೈರಿಯಂ ನಿಪೋನಿಕಂ. ಜಪಾನ್, ಕೊರಿಯಾ, ಚೀನಾದ ಕಾಡುಗಳ ಗಿಡ. ಇದರ ‘ಪಿಕ್ಟಮ್’ ತಳಿಯನ್ನು ಅಮೆರಿಕದ ಪೆರೆನಿಯಲ್ ಪ್ಲಾಂಟ್ ಅಸೋಸಿಯೇಷನ್ 2004ರಲ್ಲಿ ವರ್ಷದ ಗಿಡವೆಂದು ಆರಿಸಿತ್ತು.

ಕೊಳ್ಳುವಾಗ ಹೆಸರಿನ ಚೀಟಿಗಿಂತ ಗರಿಯನ್ನು ನೋಡಿ. ಬೀಜಕದಿಂದ, ಅಂದರೆ ಗರಿಯಡಿಯ ಧೂಳಿನಂಥ ಕಣದಿಂದ (ಸ್ಪೋರ್) ಬೆಳೆಸಿದ ಗಿಡಗಳಲ್ಲಿ ಒಂದರ ಬಣ್ಣ ಇನ್ನೊಂದಕ್ಕೆ ಇರುವುದಿಲ್ಲ. ಕೆಲವು ಬರೀ ಹಸಿರು. ಹಾಗಾಗಿ ಮೇ ತಿಂಗಳಲ್ಲಿ, ಗರಿ ಪೂರ್ತಿ ಬಿಚ್ಚಿದ ಮೇಲೆ ನರ್ಸರಿಗೆ ಹೋಗುವುದು ಒಳ್ಳೆಯದು. ‘ಅರ್ಸುಲಾಸ್ ರೆಡ್’, ‘ಬರ್ಗಂಡಿ ಲೇಸ್’ ತಳಿಗಳಲ್ಲಿ ಕೆಂಪು ಜಾಸ್ತಿ. ಬಿಳಿಚು ಬೆಳ್ಳಿ ಬಣ್ಣ ಬೇಕಾದರೆ ‘ಘೋಸ್ಟ್’. ಅದು ಲೇಡಿ ಫರ್ನ್ ಜೊತೆಗಿನ ಮಿಶ್ರತಳಿ, ನೆಟ್ಟಗೆ ಎರಡಡಿಗೂ ಮೇಲೆ ಏಳುತ್ತದೆ. ಕತ್ತಲೆ ಮೂಲೆಗೆ ನಾನು ಅದನ್ನೇ ಹೇಳುತ್ತೇನೆ, ದೂರದಿಂದಲೂ ಕಾಣುತ್ತದೆ.

ಬಣ್ಣ ಬರುವುದೂ ಹೋಗುವುದೂ ಹೆಚ್ಚಾಗಿ ಬೆಳಕಿನಿಂದ. ಬೆಳಗಿನ ಎರಡು ಮೂರು ತಾಸು ಎಳೆಬಿಸಿಲು, ಹತ್ತು ಗಂಟೆಯಿಂದಾಚೆ ನೆರಳು: ಇದು ನನ್ನ ಅಳತೆ. ದಟ್ಟ ನೆರಳಿನಲ್ಲಿ ಗಿಡ ಬದುಕುತ್ತದೆ, ಆದರೆ ಗರಿ ಕಡಿಮೆಯಾಗಿ ಹಸಿರಿಗೆ ತಿರುಗುತ್ತದೆ. ಮಧ್ಯಾಹ್ನದ ಬಿಸಿಲು ಬಿದ್ದರೆ ಬೆಳ್ಳಿ ಮಾಸಿ ಗರಿಯ ಅಂಚು ಸೀಯುತ್ತದೆ. ಜಾಗ ಗೊತ್ತುಮಾಡುವುದನ್ನು ಏಪ್ರಿಲ್‌ನಲ್ಲಿ ಮಾಡಬೇಡಿ. ಆಗ ಮರಗಳಲ್ಲಿ ಎಲೆಯೇ ಇರುವುದಿಲ್ಲ, ಎಲ್ಲೆಲ್ಲೂ ಬಿಸಿಲೇ. ಮೇ ಕೊನೆಗೆ ಮರ ತುಂಬಿದ ಮೇಲೆ ತಾಸಿಗೊಮ್ಮೆ ನೋಡಿ, ಬಿಸಿಲು ಎಲ್ಲಿ ಬೀಳುತ್ತದೆಂದು ಕಡ್ಡಿ ನೆಟ್ಟು ಗುರುತು ಹಾಕಿ.

ಮಣ್ಣಿನ ಕೆಲಸದಲ್ಲಿ ಆತುರ ಬೇಡ. ಈ ಕಡೆಯದು ಕೆಂಪು ಅಂಟುಮಣ್ಣು. ರಟ್ಗರ್ಸ್ ವಿಶ್ವವಿದ್ಯಾಲಯದ ಪ್ರಯೋಗಾಲಯದಲ್ಲಿ ಮಣ್ಣು ಪರೀಕ್ಷೆ ಮಾಡಿಸಬಹುದು, ಮಣ್ಣಿನ ಹುಳಿ-ಕ್ಷಾರದ ಅಳತೆಯಾದ ಪಿಎಚ್ 5.5ರಿಂದ 7ರ ಒಳಗಿದ್ದರೆ ಸುಣ್ಣ ಹಾಕುವ ಗೋಜಿಗೆ ಹೋಗಬೇಡಿ. ಅಂಟುಮಣ್ಣು ಸಡಿಲಾಗಲೆಂದು ಮರಳು ಸೇರಿಸುವವರಿದ್ದಾರೆ. ಸ್ವಲ್ಪ ಮರಳು ಬೆರೆತ ಜೇಡಿ ಒಣಗಿದಾಗ ಇಟ್ಟಿಗೆಯಂತೆ ಗಟ್ಟಿಯಾಗುತ್ತದೆ. ಬೇಕಾದದ್ದು ತರಗೆಲೆ ಗೊಬ್ಬರ. ನವೆಂಬರ್‌ನಲ್ಲಿ ಬಿದ್ದ ಓಕ್ ಎಲೆಯ ಮೇಲೆ ಲಾನ್‌ಮೋವರ್ ಓಡಿಸಿ ಚೂರು ಮಾಡಿ, ನಾಲ್ಕಡಿ ಅಗಲ, ಮೂರಡಿ ಎತ್ತರದ ತಂತಿಬಲೆಯ ಗೂಡಿನಲ್ಲಿ ತುಂಬಿ ನೀರು ಹಾಕಿ ಬಿಡುತ್ತೇನೆ. ಒಂದೆರಡು ಸಲ ಮಗುಚಿದರೆ ವರ್ಷದೊಳಗೆ ಕಪ್ಪಾಗಿ ಪುಡಿಯಾಗುತ್ತದೆ. ಚೂರು ಮಾಡದ ಓಕ್ ಎಲೆಗೆ ಎರಡು ವರ್ಷವೂ ಸಾಲದು. ಇದನ್ನು ಮೂರು ಇಂಚು ದಪ್ಪ ಹರಡಿ, ಮೇಲಿನ ಆರೆಂಟು ಇಂಚು ಮಣ್ಣಿಗೆ ಬೆರೆಸಬೇಕು. ಗುದ್ದಲಿ ಬೇಡ, ಕೈಸಲಿಕೆಯಲ್ಲೇ ಬೇರುಗಳ ನಡುವಿನ ಸಂದು ಹುಡುಕಿ. ಹೆಬ್ಬೆರಳಿಗಿಂತ ದಪ್ಪ ಬೇರು ಸಿಕ್ಕಿದರೆ ಪಕ್ಕಕ್ಕೆ ಸರಿಯಿರಿ. ಮೇಪಲ್ ಮರದ ಬುಡದಲ್ಲಿ ಈ ಶ್ರಮ ವ್ಯರ್ಥ. ಅದರ ಬೇರುಗಳು ಮೇಲ್ಮಣ್ಣಿನಲ್ಲೇ ಹೆಣೆದುಕೊಂಡು, ಹದ ಮಾಡಿದ ಮಣ್ಣನ್ನೂ ನೀರನ್ನೂ ಮತ್ತೆ ತಾವೇ ತಿನ್ನುತ್ತವೆ. ಅಲ್ಲಿ ಕುಂಡವೇ ವಾಸಿ.

ನೆಡಲು ಮೇ ಅಥವಾ ಸೆಪ್ಟೆಂಬರ್ ಸರಿ. ಒಂದು ಗ್ಯಾಲನ್ ಕುಂಡದ ಗಿಡವನ್ನು ಮೊದಲು ಅರ್ಧ ಗಂಟೆ ಬಕೆಟ್ ನೀರಿನಲ್ಲಿಡಿ. ಕುಂಡದಲ್ಲಿ ಒಣಗಿದ ಪೀಟ್ (ಜವುಗು ನೆಲದ ಕೊಳೆತ ಪಾಚಿ) ಮಣ್ಣಿಗೆ ಮೇಲಿನಿಂದ ಸುರಿದ ನೀರು ಒಳಗಿಳಿಯದೆ ಬದಿಯಿಂದ ಜಾರಿಹೋಗುತ್ತದೆ. ಗುಂಡಿ ಕುಂಡದಷ್ಟೇ ಆಳ, ಎರಡರಷ್ಟು ಅಗಲ. ಗರಿಗಳೆಲ್ಲ ಹೊರಡುವ ನೆತ್ತಿ ನೆಲಮಟ್ಟಕ್ಕೇ ಇರಬೇಕು. ಈ ಗಿಡದ ಗುಪ್ತಕಾಂಡ, ಅಂದರೆ ಮಣ್ಣೊಳಗಿನ ಅಡ್ಡ ಕಾಂಡ, ಮೇಲ್ಮಣ್ಣಿನಲ್ಲೇ ಮೆಲ್ಲಗೆ ತೆವಳುವಂಥದ್ದು. ಒಂದು ಇಂಚು ಹೂತರೂ ಚಳಿಗಾಲದ ತೇವಕ್ಕೆ ಕೊಳೆಯುತ್ತದೆ. ನೆಟ್ಟ ಗಿಡ ಕಾರಣವಿಲ್ಲದೆ ಸತ್ತಿತು ಅನ್ನುವವರ ಮಡಿಯಲ್ಲಿ ಮೊದಲು ನೋಡಬೇಕಾದದ್ದು ಇದನ್ನೇ. ಗಿಡದಿಂದ ಗಿಡಕ್ಕೆ ಒಂದೂವರೆ ಅಡಿ ಬಿಡಿ.

ನೀರು ವಾರಕ್ಕೆ ಒಂದು ಇಂಚು, ಮಳೆಯೂ ಸೇರಿ. ಮೊದಲ ಬೇಸಿಗೆಯಲ್ಲಿ ಅದನ್ನು ಎರಡು ಸಲಕ್ಕೆ ಹಂಚಿ, ಜಿನುಗುವ ಪೈಪಿನಲ್ಲಿ ಬುಡಕ್ಕೆ ಕೊಡಿ. ಜುಲೈ ಸೆಖೆಗೆ ಗರಿ ಸೀದರೆ ಗಾಬರಿ ಬೇಡ: ಸೀದದ್ದನ್ನು ಬುಡಕ್ಕೆ ಕತ್ತರಿಸಿ, ತೇವ ಕಾಪಾಡಿದರೆ ಹೊಸ ಗರಿ ಬರುತ್ತದೆ. ಬೇಸಿಗೆಯಲ್ಲಿ ಬಣ್ಣ ವಸಂತಕ್ಕಿಂತ ಮಂಕಾಗಿರುವುದು ಸಹಜ, ತಂಪು ಹವೆಯಲ್ಲೇ ಅದಕ್ಕೆ ಕಳೆ. ಬಣ್ಣ ತರಿಸಲೆಂದು ಗೊಬ್ಬರ ಸುರಿಯುವುದರಿಂದ ಏನೂ ಗಿಟ್ಟದು. ಹೆಚ್ಚಾದರೆ ಗರಿಯ ತುದಿಯೇ ಸುಡುತ್ತದೆ. ವರ್ಷಕ್ಕೊಮ್ಮೆ ಒಂದು ಇಂಚು ತರಗೆಲೆ ಗೊಬ್ಬರ ಸಾಕು. ಹುಲ್ಲಿಗೆ ಎರಚುವ ರಸಗೊಬ್ಬರದ ಹರಳು ಗರಿಯ ಮೇಲೆ ಬೀಳದಂತೆ ನೋಡಿಕೊಳ್ಳಿ.

ಜಿಂಕೆಗಳು ಸಾಮಾನ್ಯವಾಗಿ ಇದರ ತಂಟೆಗೆ ಬರುವುದಿಲ್ಲ. ಪಕ್ಕದ ಹೋಸ್ಟಾ ಎಂಬ ಅಗಲ ಎಲೆಯ ನೆರಳುಗಿಡವನ್ನು ಬುಡಮಟ್ಟ ಮೇಯುವ ಊರಿನಲ್ಲಿ ಇದು ದೊಡ್ಡ ಸಮಾಧಾನ. ಕಾಟ ಕೊಡುವುದು ಸ್ಲಗ್, ಅಂದರೆ ಚಿಪ್ಪಿಲ್ಲದ ಬಸವನಹುಳು. ಸುರುಳಿ ಚಿಗುರು ಏಳುವಾಗಲೇ ಐರನ್ ಫಾಸ್ಫೇಟ್ ಹರಳನ್ನು ಸಂಜೆ ಹೊತ್ತು ವಿರಳವಾಗಿ ಉದುರಿಸಿ.

ಚಳಿ ಬಂದು ಇಬ್ಬನಿ ಹೆಪ್ಪುಗಟ್ಟುತ್ತಲೇ ಗರಿಗಳೆಲ್ಲ ಕುಸಿದು ಒಣಗುತ್ತವೆ. ಅವನ್ನು ಕತ್ತರಿಸದೆ ಬಿಟ್ಟು, ಚೂರು ಮಾಡಿದ ಎಲೆಯನ್ನು ಎರಡು ಇಂಚು ಹೊದಿಸುತ್ತೇನೆ. ಇಡೀ ಎಲೆ ಹಾಕಿದರೆ ಒದ್ದೆಯಾಗಿ ಚಾಪೆಯಂತೆ ಅಂಟಿಕೊಂಡು ನೆತ್ತಿಯನ್ನು ಉಸಿರುಗಟ್ಟಿಸುತ್ತದೆ. ಏಪ್ರಿಲ್ ಮೊದಲಲ್ಲಿ ನೆತ್ತಿಯ ಮೇಲಿನದನ್ನಷ್ಟೇ ಸರಿಸಬೇಕು. ಈ ಗಿಡ ಎಚ್ಚರಗೊಳ್ಳುವುದು ತಡ. ಅಕ್ಕಪಕ್ಕದವೆಲ್ಲ ಚಿಗುರಿದರೂ ಇದರ ಜಾಗ ಬರಿದಾಗಿಯೇ ಇರಬಹುದು. ಸತ್ತಿತೆಂದು ಅಗೆಯದಿರಲು ಶರತ್ಕಾಲದಲ್ಲೇ ಗುರುತಿನ ಕಡ್ಡಿ ನೆಡಿ. ಚಿಗುರಿದ ಮೇಲೆ ರಾತ್ರಿ ಕೊರೆವ ಚಳಿಯ ಮುನ್ಸೂಚನೆ ಬಂದರೆ ಬಕೆಟ್ ಬೋರಲು ಹಾಕಿ, ಬೆಳಿಗ್ಗೆ ತೆಗೆಯಿರಿ.

ಮೂರ್ನಾಲ್ಕು ವರ್ಷಕ್ಕೆ ಗಿಡದ ನಡು ಬೋಳಾಗುತ್ತದೆ. ಚಿಗುರು ಇಣುಕುವ ಹೊತ್ತಿಗೆ ಇಡಿಯಾಗಿ ಎತ್ತಿ, ಪ್ರತಿ ತುಂಡಿಗೂ ಎರಡು ಮೂರು ಚಿಗುರುಮೊಳಕೆ ಉಳಿಯುವಂತೆ ಗುಪ್ತಕಾಂಡವನ್ನು ಹರಿತ ಚಾಕುವಿನಲ್ಲಿ ಕತ್ತರಿಸಿ, ಕಂದುಗಟ್ಟಿದ ಹಳೇ ನಡುವನ್ನು ಎಸೆದುಬಿಡಿ. ಬಣ್ಣ ಹಾಗೇ ಉಳಿಯಬೇಕಾದರೆ ಮನೆಯಲ್ಲಿ ಇದೊಂದೇ ದಾರಿ.

ಕೊಡಗಿನ ಕಡೆಯವರಿಗೆ ಸುರುಳಿ ಚಿಗುರು ಕಂಡರೆ ತೆರ್ಮೆ ತೊಪ್ಪಿನ ಪಲ್ಯ ನೆನಪಾಗುತ್ತದೆ. ಅದು ಇದೇ ಕುಟುಂಬಕ್ಕೆ ಸೇರಿದ್ದರೂ ಬೇರೆ ಗಿಡ. ಇದನ್ನು ಅಡುಗೆಗೆ ಬಳಸಬೇಡಿ. ಬೆಂಗಳೂರಿಗೆ ಒಯ್ಯುವ ಆಸೆಯನ್ನೂ ಬಿಡುವುದು ಒಳ್ಳೆಯದು. ಚಳಿಗಾಲದ ಗಟ್ಟಿ ನಿದ್ದೆಯಿಲ್ಲದೆ ಗಿಡ ವರ್ಷದಿಂದ ವರ್ಷಕ್ಕೆ ಸೊರಗುತ್ತದೆ. ಅಲ್ಲಿ ಬೆಳ್ಳಿಗೆರೆಯ ಜರೀಗಿಡ ಟೆರಿಸ್ ಆರ್ಜೀರಿಯಾ ನೆಡಿ. ಅದು ನಮ್ಮ ದೇಶದ್ದೇ, ಅದಕ್ಕೂ ಇದೇ ಎಳೆಬಿಸಿಲು, ಇದೇ ತರಗೆಲೆ ಗೊಬ್ಬರ ಹಿಡಿಸುತ್ತದೆ.