ಐರಿಶ್ ಗಾದೆಗಳನ್ನು ನಾನು ಶಾಲೆ ಮಕ್ಕಳ ಹಳೇ ಪುಟಗಳಲ್ಲಿ ಕಲಿತೆ

ಐರ್ಲೆಂಡಿನ ಗಾದೆ ಅಂತ ಹುಡುಕಿದರೆ ಹಸಿರು ಚಿತ್ರದ ಮೇಲೆ ಬರೆದ ಒಂದೊಂದು ಸಾಲು ಸಿಗುತ್ತದೆ. ಯಾವ ಊರಿನವರು, ಯಾವ ಸಂದರ್ಭಕ್ಕೆ ಹೇಳುತ್ತಿದ್ದರು ಅನ್ನೋದು ಇರುವುದಿಲ್ಲ. ನನಗೆ ಬೇಕಿದ್ದದ್ದು ಅದೇ. ಅದು ಸಿಕ್ಕಿದ್ದು ಐರ್ಲೆಂಡಿನ ಜಾನಪದ ಸಂಗ್ರಹ ಇರುವ ಡೂಖಸ್ (duchas.ie) ವೆಬ್‌ಸೈಟ್‌ನಲ್ಲಿ.

1937ರಿಂದ 1939ರವರೆಗೆ ಅಲ್ಲಿನ ಜಾನಪದ ಆಯೋಗ ಶಾಲೆಗಳಿಗೆ ಒಂದು ಕೆಲಸ ಹಚ್ಚಿತ್ತು. ದೊಡ್ಡ ತರಗತಿಯ ಮಕ್ಕಳು ಅಜ್ಜ ಅಜ್ಜಿಯರನ್ನು, ಅಕ್ಕಪಕ್ಕದವರನ್ನು ಕೇಳಿ ಗಾದೆ, ಕತೆ, ಮನೆಮದ್ದು ಎಲ್ಲ ಬರೆದು ತರಬೇಕು. ಸುಮಾರು 5,000 ಶಾಲೆಗಳಿಂದ ಪುಟಗಳು ಬಂದವು. ಈಗ ಅವನ್ನು ಸ್ಕ್ಯಾನ್ ಮಾಡಿ ಹಾಕಿದ್ದಾರೆ, ಕೈಬರಹ ಓದಿ ಟೈಪ್ ಮಾಡಿಕೊಡೋಕೆ ಯಾರು ಬೇಕಾದರೂ ಸೇರಬಹುದು. ನಾನೂ ಸೇರಿದೆ. ಐರಿಶ್ ಭಾಷೆಯ ಪುಟಗಳನ್ನು ಬಲ್ಲವರಿಗೆ ಬಿಟ್ಟು ಇಂಗ್ಲಿಷಿನವನ್ನಷ್ಟೇ ತೆಗೆದುಕೊಳ್ಳುತ್ತೇನೆ. ಮೊದಲು ಇಡೀ ಪುಟ ಜೋರಾಗಿ ಓದುತ್ತೇನೆ, ಆಮೇಲೆ ಟೈಪ್. ಮಗು ಬರೆದ ಕಾಗುಣಿತ ಹೇಗಿದೆಯೋ ಹಾಗೇ ಇಡುತ್ತೇನೆ.

ಶುರು ಮಾಡಿದ್ದು ಮಳೆ ಗಾಳಿಯ ಪುಟಗಳಿಂದ. ಬೆಕ್ಕು ಬೆಂಕಿಗೆ ಬೆನ್ನು ಹಾಕಿ ಕೂತರೆ ಮಳೆ. ಚಿಮಣಿಯಿಂದ ಮಸಿ ಉದುರಿದರೆ ಮಳೆ. ದೂರದ ಗುಡ್ಡ ಹತ್ತಿರ ಕಂಡರೂ ಮಳೆಯೇ. ಕಡಲಹಕ್ಕಿ ಒಳನಾಡಿಗೆ ಬಂದರೆ ಬಿರುಗಾಳಿ, ಹೊಗೆ ನೆಟ್ಟಗೆ ಮೇಲೇರಿದರೆ ಒಳ್ಳೆ ಹವೆ. ಇಷ್ಟೊಂದು ಮಳೆ ಲೆಕ್ಕ ಯಾಕೆ ಅಂತ ಬೇರೆ ಪುಟ ಓದುವಾಗ ಗೊತ್ತಾಯಿತು: ದನಕ್ಕೆ ಚಳಿಗಾಲದ ಹುಲ್ಲು ಒಣಗಬೇಕು, ಜೌಗು ನೆಲದಿಂದ ಕಡಿದ ಟರ್ಫ್ ಹೆಂಟೆಗಳೂ ಒಣಗಬೇಕು, ಒಲೆಗೆ ಅದೇ ಉರುವಲು. ನಾಳೆ ಹುಲ್ಲು ಕೊಯ್ಯಬಹುದಾ ಬೇಡವಾ ಅಂತ ಇವತ್ತು ಸಂಜೆಯೇ ಹೇಳಬೇಕಿತ್ತಲ್ವಾ? ಆಗ ರೇಡಿಯೊ ಇಲ್ಲದ ಮನೆಗಳೇ ಜಾಸ್ತಿ.

ಗಾದೆಗಳೂ ಹಾಗೇ ಬಿಡಿಸಿಕೊಂಡವು. ಜನ ಬದುಕೋದು ಒಬ್ಬರ ಆಸರೆಯಲ್ಲಿ ಒಬ್ಬರು ಅನ್ನೋದು ಅವರ ಹೆಸರುವಾಸಿ ಮಾತು. ಕೂಲಿ ಇಲ್ಲದೆ ನೆರೆಹೊರೆಯವರೆಲ್ಲ ಒಂದು ದಿನ ಒಬ್ಬರ ಹೊಲಕ್ಕೆ, ಇನ್ನೊಂದು ದಿನ ಇನ್ನೊಬ್ಬರ ಹೊಲಕ್ಕೆ ಇಳಿಯುತ್ತಿದ್ದ ಪದ್ಧತಿ ಓದಿದ ಮೇಲೆ ಆ ಮಾತು ನನಗೆ ಸುಮ್ನೆ ಒಳ್ಳೆ ಮಾತಾಗಿ ಉಳಿಯಲಿಲ್ಲ, ನಮ್ಮ ಕಡೆಯ ಮುಯ್ಯಾಳು ಕೆಲಸವೇ ಕಣ್ಣಿಗೆ ಬಂತು. ಇಬ್ಬರಿದ್ದರೆ ದಾರಿ ಮೊಟಕು ಅನ್ನೋದು ಸಂತೆಗೆ ಮೈಲಿಗಟ್ಟಲೆ ನಡೆದವರ ಮಾತು ಅನಿಸುತ್ತದೆ ನನಗೆ.

ಈಗ ಐರ್ಲೆಂಡಿನ ಮೇಯೊ ಕೌಂಟಿ (ನಮ್ಮ ಜಿಲ್ಲೆ ಇದ್ದ ಹಾಗೆ) ಕಡೆಯ ಮನೆಮದ್ದಿನ ಪುಟ ಹಿಡಿದಿದ್ದೇನೆ. ನರಹುಲಿಗೆ ಕಲ್ಲಿನ ಕುಳಿಯಲ್ಲಿ ನಿಂತ ಮಳೆನೀರು ಹಚ್ಚುವುದು ಪುಟ ಪುಟದಲ್ಲೂ ಬರುತ್ತಿದೆ. ಸೇರಿಕೊಳ್ಳುವ ಮನಸ್ಸಿದ್ದರೆ ನೀವೂ ಒಂದು ಕೌಂಟಿ, ಒಂದು ವಿಷಯ ಆರಿಸಿಕೊಂಡು ಕೂರಿ.